ಪೀಣ್ಯದ ಶೆಡ್ಡು, ಬಳ್ಳಾರಿಯ ಹಳೇ ವಿದ್ಯಾರ್ಥಿ

(ಬಾಹ್ಯಾಕಾಶ ದಿನದ ನೆಪದಲ್ಲಿ ಬಳ್ಳಾರಿಯಲ್ಲಿ ಕಾಲೇಜು ಮಕ್ಕಳು ಮತ್ತು ಊರಿನ ಹಿರಿಯರ ಮುಂದೆ ಆಡಿದ ಮಾತಿನ ಬರಹ ರೂಪ. ಮಾತಿನಲ್ಲಿ ಎಳೆದಾಡಿದ್ದನ್ನು ಕಡಿಮೆ ಮಾಡಿದ್ದೇನೆ. ಕೊನೆಗೆ ಬಂದ ಪ್ರಶ್ನೆಗಳಲ್ಲಿ ಕೆಲವನ್ನು ಸೇರಿಸಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ನನ್ನನ್ನು ಕರೆದವರು ನಾನು ಚಂದ್ರಯಾನದ ಬಗ್ಗೆ ಹೇಳುತ್ತೇನೆ ಅಂದುಕೊಂಡಿದ್ದರು ಅನ್ನಿಸುತ್ತೆ. ಚಂದ್ರಯಾನದ ವಿಡಿಯೊಗಳನ್ನು ನೀವು ನನಗಿಂತ ಜಾಸ್ತಿ ನೋಡಿದ್ದೀರಿ. ಅದನ್ನೇ ಮತ್ತೆ ಹೇಳಿ ನಿಮ್ಮ ತಲೆ ತಿನ್ನುವುದಿಲ್ಲ. ಇವತ್ತು ಒಬ್ಬ ಮನುಷ್ಯನ ಬಗ್ಗೆ ಮಾತ್ರ ಮಾತಾಡುತ್ತೇನೆ. ಅವರು ಇಂಟರ್‌ಮೀಡಿಯೆಟ್ ಓದಿದ್ದು ಇದೇ ಊರಿನಲ್ಲಿ, ನಮ್ಮ ವೀರಶೈವ ಕಾಲೇಜಿನಲ್ಲಿ. ಹೆಸರು ಉಡುಪಿ ರಾಮಚಂದ್ರ ರಾವ್. ದೇಶಕ್ಕೆಲ್ಲ ಯು. ಆರ್. ರಾವ್.

ಭಾರತದ ಮೊದಲ ಉಪಗ್ರಹ ಕಟ್ಟಿಸಿದವರು ಅವರು. ಹತ್ತು ವರ್ಷ ಇಸ್ರೋ ಅಧ್ಯಕ್ಷರಾಗಿದ್ದರು. ಬೆಂಗಳೂರಿನಲ್ಲಿ ಉಪಗ್ರಹಗಳನ್ನು ಕಟ್ಟುವ ಇಸ್ರೋ ಕೇಂದ್ರಕ್ಕೆ 2018ರಿಂದ ಅವರದೇ ಹೆಸರು. ಇಷ್ಟೆಲ್ಲ ಇದ್ದರೂ ಬಳ್ಳಾರಿಯಲ್ಲಿ ಅವರು ಇಲ್ಲಿ ಓದಿದ್ದು ಎಷ್ಟು ಜನಕ್ಕೆ ಗೊತ್ತು? ಈಗ ಕೈ ಎತ್ತಿ ಅಂದಾಗ ಮೂರು ನಾಲ್ಕು ಕೈ ಮಾತ್ರ ಮೇಲೆ ಬಂದವು. ಅದರಲ್ಲೂ ಎರಡು ನಮ್ಮ ಸಂಘಟಕರವು.

ಅವರು ಹುಟ್ಟಿದ್ದು 1932ರ ಮಾರ್ಚ್ 10ರಂದು, ಉಡುಪಿ ಹತ್ತಿರದ ಅದಮಾರಿನಲ್ಲಿ. ಪ್ರಾಥಮಿಕ ಶಾಲೆ ಊರಲ್ಲೇ ಆಯಿತು. ಹೈಸ್ಕೂಲು ಉಡುಪಿಯ ಕ್ರಿಶ್ಚಿಯನ್ ಹೈಸ್ಕೂಲಿನಲ್ಲಿ. ಆಮೇಲೆ ಕರಾವಳಿಯ ಹುಡುಗ ಘಟ್ಟ ಹತ್ತಿ ನಮ್ಮ ಬಿಸಿಲೂರಿಗೆ ಬಂದರು. ಉಡುಪಿ ಎಲ್ಲಿ, ಬಳ್ಳಾರಿ ಎಲ್ಲಿ ಅಂತ ಇವತ್ತಿನ ಹುಡುಗರಿಗೆ ಅನ್ನಿಸಬಹುದು. ಆಗಿನ ನಕ್ಷೆ ಬೇರೆ ಇತ್ತು. ದಕ್ಷಿಣ ಕನ್ನಡ, ಬಳ್ಳಾರಿ, ಅನಂತಪುರ ಎಲ್ಲವೂ ಮದ್ರಾಸ್ ಪ್ರಾಂತ್ಯಕ್ಕೆ ಸೇರಿದ್ದವು. ಬಳ್ಳಾರಿ ಮೈಸೂರು ರಾಜ್ಯಕ್ಕೆ ಬಂದಿದ್ದೇ 1953ರ ಅಕ್ಟೋಬರ್ 1ಕ್ಕೆ. ಹಾಗಾಗಿ ಬಳ್ಳಾರಿಯಲ್ಲಿ ಇಂಟರ್ ಮುಗಿಸಿ, ಪಕ್ಕದ ಅನಂತಪುರದ ಸರ್ಕಾರಿ ಕಾಲೇಜಿನಲ್ಲಿ ಬಿ.ಎಸ್ಸಿ. ಮಾಡುವುದು ಆಗ ಒಂದೇ ಪ್ರಾಂತ್ಯದೊಳಗಿನ ಓಡಾಟ. ಅವರು ಇಲ್ಲಿದ್ದ 40ರ ದಶಕದ ಕೊನೆಯಲ್ಲಿ ಹೊಸಪೇಟೆ ಕಡೆ ತುಂಗಭದ್ರಾ ಅಣೆಕಟ್ಟಿನ ಕೆಲಸ ನಡೆದಿತ್ತು. ನಮ್ಮ ಕಾಲೇಜಿಗೂ ಆಗಿನ್ನೂ ಎಳೇ ವಯಸ್ಸು.

ಎಂ.ಎಸ್ಸಿ.ಗೆ ಬನಾರಸ್ ಹಿಂದೂ ವಿಶ್ವವಿದ್ಯಾಲಯ. ಅಲ್ಲಿಂದ ಅಹಮದಾಬಾದಿನ ಭೌತ ಸಂಶೋಧನಾ ಪ್ರಯೋಗಾಲಯ. ಅಲ್ಲಿ ಗುರುಗಳಾಗಿ ಸಿಕ್ಕವರು ವಿಕ್ರಮ್ ಸಾರಾಭಾಯಿ. ವಿಷಯ ಕಾಸ್ಮಿಕ್ ಕಿರಣಗಳು. ಆಕಾಶದ ಎಲ್ಲ ದಿಕ್ಕಿನಿಂದಲೂ ತುಂಬಾ ವೇಗವಾಗಿ ಬರುವ ಕಣಗಳು ಇವು. ಈಗ ನಾನು ಮಾತಾಡುತ್ತಿರುವಾಗಲೂ ಅವುಗಳಿಂದ ಹುಟ್ಟಿದ ಕಣಗಳು ನಮ್ಮ ಮೈಯೊಳಗಿಂದ ಹಾದು ಹೋಗುತ್ತಿವೆ.

ಪಿಎಚ್.ಡಿ. ಆದ ಮೇಲೆ ಅಮೆರಿಕದ ಎಂಐಟಿ ವಿಶ್ವವಿದ್ಯಾಲಯಕ್ಕೆ ಹೋದರು. ಅದು 1961. ಮರು ವರ್ಷ ನಾಸಾದ ಮ್ಯಾರಿನರ್ 2 ಶುಕ್ರನ ಕಡೆ ಹೊರಟಿತು. ಸೂರ್ಯನಿಂದ ಕಣಗಳ ಒಂದು ಗಾಳಿ ಬೀಸುತ್ತಿರುತ್ತೆ, ಸೌರ ಮಾರುತ ಅಂತಾರೆ. ಅದು ಆಗಾಗ ಬೀಸುತ್ತೋ, ಬಿಡದೆ ಬೀಸುತ್ತೋ ಅನ್ನುವ ಚರ್ಚೆ ಆಗ ಇತ್ತು. ಬಿಡದೆ ಬೀಸುತ್ತೆ, ಭೂಮಿಯ ಕಾಂತಕ್ಷೇತ್ರವನ್ನೂ ಅಲುಗಾಡಿಸುತ್ತೆ ಅಂತ ಮ್ಯಾರಿನರ್ 2ರ ಅಳತೆಗಳಿಂದ ತೋರಿಸಿದವರಲ್ಲಿ ರಾವ್ ಒಬ್ಬರು. ಆಮೇಲೆ ಡಲ್ಲಾಸಿನಲ್ಲಿ ಕೆಲಸ. ಅಲ್ಲಿನ ಗುಂಪು ಪಯೊನಿಯರ್ ಸರಣಿಯ ನೌಕೆಗಳಿಗೆ ಕಾಸ್ಮಿಕ್ ಕಿರಣ ಅಳೆಯುವ ಉಪಕರಣ ಮಾಡಿಕೊಟ್ಟಿತು. ಅದರಲ್ಲೂ ರಾವ್ ಇದ್ದರು.

ಆ ಪಯೊನಿಯರ್ 6ರ ಬಗ್ಗೆ ಒಂದು ಮಾತು ಹೇಳಲೇಬೇಕು. 1965ರ ಡಿಸೆಂಬರಿನಲ್ಲಿ ಹಾರಿದ ನೌಕೆ ಅದು. ಆರು ತಿಂಗಳು ಕೆಲಸ ಮಾಡಿದರೆ ಸಾಕು ಅಂತ ಮಾಡಿದ್ದು. 2000ದ ಡಿಸೆಂಬರಿನಲ್ಲಿ ನಾಸಾ ಒಮ್ಮೆ ಕರೆದು ನೋಡಿದಾಗ ಇನ್ನೂ ಓಗೊಟ್ಟಿತು! ಇಂಥ ಯಂತ್ರಗಳ ಜೊತೆ ಕೆಲಸ ಮಾಡಿದವರಿಗೆ ಒಂದು ಗುಣ ಬರುತ್ತೆ ಅಂತ ನನ್ನ ನಂಬಿಕೆ. ಮೇಲೆ ಹೋದ ಯಂತ್ರ ಕೆಟ್ಟರೆ ಸ್ಕ್ರೂಡ್ರೈವರ್ ಹಿಡಿದು ಹತ್ತಿರ ಹೋಗುವ ಹಾಗಿಲ್ಲ. ಕೆಟ್ಟಿದ್ದು ಕೆಟ್ಟಿತು. ಉಳಿದಿದ್ದರಲ್ಲಿ ಏನು ಕೆಲಸ ತೆಗೆಯಬಹುದು ಅಂತ ಕೆಳಗೆ ಕೂತೇ ಲೆಕ್ಕ ಹಾಕಬೇಕು. ರಾವ್ ಅವರ ಮುಂದಿನ ಮೂವತ್ತು ವರ್ಷಗಳನ್ನು ನಾನು ಈ ಗುಣದ ಮೂಲಕವೇ ನೋಡುತ್ತೇನೆ.

1966ರಲ್ಲಿ ವಾಪಸ್ ಬಂದು ಅಹಮದಾಬಾದಿನಲ್ಲಿ ಪ್ರೊಫೆಸರ್ ಆದರು. ಇಸ್ರೋ ಹುಟ್ಟಿದ್ದು 1969ರಲ್ಲಿ. ಉಪಗ್ರಹ ಮಾಡಬೇಕು ಅನ್ನುವ ಯೋಚನೆ ಬಂದಾಗ ಸಾರಾಭಾಯಿ ಅವರಿಗೆ ಈ ಶಿಷ್ಯನೇ ಕಂಡರು. ಅವರು ಎಂಜಿನಿಯರಿಂಗ್ ಓದಿದವರಲ್ಲ, ಭೌತಶಾಸ್ತ್ರದವರು. ಆದರೆ ಉಪಗ್ರಹದ ಒಳಗೆ ಏನಿರುತ್ತೆ ಅಂತ ಕೈಯಾರೆ ಕಂಡವರು ದೇಶದಲ್ಲಿ ಆಗ ಎಷ್ಟು ಜನ ಇದ್ದರು ಹೇಳಿ?

1971ರ ಡಿಸೆಂಬರ್ 30ರಂದು ಕೋವಲಂನಲ್ಲಿ ಸಾರಾಭಾಯಿ ದಿಢೀರನೆ ತೀರಿಕೊಂಡರು. 1972ರಲ್ಲಿ ಇಸ್ರೋ ಹೊಣೆ ಸತೀಶ್ ಧವನ್ ಅವರಿಗೆ ಬಂತು. ಅವರು ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ನಿರ್ದೇಶಕರೂ ಹೌದು. ಹೀಗೆ ಬಾಹ್ಯಾಕಾಶದ ಕೆಲಸದ ಕೇಂದ್ರ ಬೆಂಗಳೂರಿಗೆ ಬಂತು. ಎಚ್‌ಎಎಲ್, ಬಿಇಎಲ್ ಎಲ್ಲ ಅಲ್ಲೇ ಇದ್ದಿದ್ದರಿಂದ ಅನುಕೂಲವೂ ಆಯಿತು. 1972ರ ಮೇ 10ರಂದು ಸೋವಿಯತ್ ವಿಜ್ಞಾನ ಅಕಾಡೆಮಿ ಜೊತೆ ಒಪ್ಪಂದ ಆಯಿತು. ಉಪಗ್ರಹ ನಮ್ಮದು, ಹಾರಿಸುವ ರಾಕೆಟ್ ಅವರದು. ಜಾಗ ಸಿಕ್ಕಿದ್ದು ಪೀಣ್ಯದಲ್ಲಿ. ಕಟ್ಟಡ ಅಂದರೆ ಕೈಗಾರಿಕಾ ಶೆಡ್ಡುಗಳು, ಮೇಲೆ ಕಲ್ನಾರು ಶೀಟು. ಕೆಲಸಕ್ಕೆ ಬಂದವರಲ್ಲಿ ಹೆಚ್ಚಿನವರು ಆಗಷ್ಟೇ ಓದು ಮುಗಿಸಿದ ಹುಡುಗರು.

ಇಲ್ಲಿಗೆ ಬಂದರೆ ಎಲ್ಲರೂ ಒಂದು ಕಥೆ ಹೇಳುತ್ತಾರೆ. ಉಪಗ್ರಹದ ಮಾಹಿತಿ ಪಡೆಯುವ ಕೇಂದ್ರಕ್ಕೆ ಬೆಂಗಳೂರಿನಲ್ಲಿ ಜಾಗ ಸಾಲದೆ ಒಂದು ಶೌಚಾಲಯವನ್ನೇ ಅದಕ್ಕೆ ಬದಲಾಯಿಸಿಕೊಂಡರು ಅನ್ನುವ ಕಥೆ. ನಿಜ, ಸುಳ್ಳಲ್ಲ. ಆದರೆ ನನಗೆ ಈ ಕಥೆ ಕೇಳಿ ಕೇಳಿ ಸ್ವಲ್ಪ ಬೇಜಾರಾಗಿದೆ. ಬಡತನದ ಕಥೆ ಹೇಳುವುದು ಸುಲಭ, ಚಪ್ಪಾಳೆಯೂ ಬೀಳುತ್ತೆ. ಆದರೆ ಶೆಡ್ಡು, ಶೌಚಾಲಯ, ಸೈಕಲ್ಲು, ಎತ್ತಿನ ಗಾಡಿ ಇಷ್ಟರಲ್ಲೇ ಇಸ್ರೋ ಚರಿತ್ರೆ ಮುಗಿದುಹೋದರೆ, ಆ ಶೆಡ್ಡಿನೊಳಗೆ ಕೂತು ಅವರು ತೆಗೆದುಕೊಂಡ ತೀರ್ಮಾನಗಳು ಯಾರ ಕಣ್ಣಿಗೂ ಬೀಳುವುದಿಲ್ಲ. ನಾನು ಬಂದಿರುವುದು ಆ ತೀರ್ಮಾನಗಳ ಬಗ್ಗೆ ಹೇಳುವುದಕ್ಕೆ.

ಅಲ್ಲಿ ಕಟ್ಟಿದ ಆ ಮೊದಲ ಉಪಗ್ರಹ ಆರ್ಯಭಟ. ಅದರ ಚಿತ್ರ ನೋಡಿ. ಮುಂದಿನ ಸಾಲಿನಲ್ಲಿ ಕೂತಿರುವ ಹಿರಿಯರೊಬ್ಬರು ಹಳೇ ಎರಡು ರೂಪಾಯಿ ನೋಟು ತಂದಿದ್ದಾರೆ. ಸಂತೋಷ ಆಯ್ತು ಯಜಮಾನ್ರೇ. ಹುಡುಗರೇ, ಅದನ್ನು ಕೈಯಿಂದ ಕೈಗೆ ದಾಟಿಸಿ, ಮಡಚಬೇಡಿ. ನೋಟಿನ ಹಿಂಬದಿಯಲ್ಲಿ ಇರುವುದೇ ಅದು. ಗುಂಡಗೆ ಕಾಣುತ್ತೆ, ಆದರೆ ಪೂರ್ತಿ ಗುಂಡಗಿಲ್ಲ. 26 ಮುಖಗಳಿವೆ. ಯಾಕೆ? ಸೌರ ಕೋಶಗಳು ಚಪ್ಪಟೆ. ಗುಂಡಗಿನ ಮೈಮೇಲೆ ಅವನ್ನು ಕೂರಿಸಲು ಬರುವುದಿಲ್ಲ. ಹಾಗಂತ ಪೆಟ್ಟಿಗೆ ಆಕಾರ ಮಾಡಿದರೆ ತಿರುಗುವಾಗ ಒಮ್ಮೆ ಬಿಸಿಲು ಜಾಸ್ತಿ, ಒಮ್ಮೆ ಕಡಿಮೆ. ಗುಂಡಗೂ ಇರಬೇಕು, ಚಪ್ಪಟೆ ಹಲಗೆಗಳೂ ಬೇಕು. ಹಾಗಾಗಿ 26 ಮುಖ.

ತೂಕ 360 ಕೆಜಿ. ಅಗಲ ಸುಮಾರು 1.4 ಮೀಟರ್. ಇಷ್ಟು ದೊಡ್ಡ ಮೈ ತುಂಬ ಕೋಶ ಅಂಟಿಸಿದರೂ ಸಿಕ್ಕ ವಿದ್ಯುತ್ 46 ವಾಟ್. ನಮ್ಮ ಮನೆಗಳಲ್ಲಿ ಹಳದಿ ಬೆಳಕು ಕೊಡುತ್ತಿದ್ದ ಹಳೇ 60 ವಾಟ್ ಬಲ್ಬಿಗಿಂತಲೂ ಕಡಿಮೆ. ಅದರಲ್ಲೇ ರೇಡಿಯೊ ನಡೆಯಬೇಕು, ಟೇಪ್ ರೆಕಾರ್ಡರ್ ನಡೆಯಬೇಕು, ಮೂರು ವಿಜ್ಞಾನ ಪ್ರಯೋಗ ನಡೆಯಬೇಕು, ಮೇಲೆ ಬ್ಯಾಟರಿ ಚಾರ್ಜ್ ಆಗಬೇಕು. ಯಾಕಂದರೆ ಒಂದು ಸುತ್ತಿಗೆ ಸುಮಾರು 96 ನಿಮಿಷ, ಅದರಲ್ಲಿ ಒಂದಷ್ಟು ಹೊತ್ತು ಭೂಮಿಯ ನೆರಳಲ್ಲಿ ಕತ್ತಲೆ. ಬಿಸಿಲಲ್ಲಿ ಒಂದು ಕಡೆ ಕಾಯುತ್ತೆ, ನೆರಳಲ್ಲಿ ಕೊರೆಯುತ್ತೆ. ದಿನಕ್ಕೆ ಹದಿನೈದು ಸಲ ಇದೇ ಪಾಡು. ಮೈಗೆ ಬಳಿಯುವ ಬಣ್ಣ ಕೂಡ ಲೆಕ್ಕ ಹಾಕಿ ಆರಿಸಬೇಕು. ಉಪಗ್ರಹ ತನ್ನ ಸುತ್ತ ತಾನು ತಿರುಗುತ್ತಿರಬೇಕು. ತಿರುಗಿದರೆ ಸ್ಥಿರ, ಬಿಸಿಯೂ ಹರಡುತ್ತೆ. ತಿರುಗಿಸುವುದಕ್ಕೆ ಒತ್ತಿ ತುಂಬಿದ ಗ್ಯಾಸಿನ ಜೆಟ್ಟುಗಳು. ಬ್ಯಾಟರಿ, ಟೇಪ್ ರೆಕಾರ್ಡರ್, ಒಂದಷ್ಟು ಸೌರ ಕೋಶಗಳು ಸೋವಿಯತ್ ಕಡೆಯಿಂದ ಬಂದವು. ಉಳಿದಿದ್ದನ್ನು ನಮ್ಮವರೇ ಮಾಡಿದರು.

ಯೋಜನೆಯ ಮುಖ್ಯಸ್ಥ ಅಂದರೆ ಏನು ಕೆಲಸ ಅಂತ ನೀವು ಕೇಳಬಹುದು. ಸ್ವಿಚ್ ಒತ್ತುವವರು ಅಲ್ಲ. ರೇಡಿಯೊದವರು ನನಗೆ ಇನ್ನೂ ಎರಡು ವಾಟ್ ಕೊಡಿ ಅಂತಾರೆ. ಪ್ರಯೋಗದವರು ನನ್ನ ಉಪಕರಣ ಇನ್ನೂ ಐದು ಕೆಜಿ ಜಾಸ್ತಿ ಆಗುತ್ತೆ ಅಂತಾರೆ. ಬ್ಯಾಟರಿಯವರು ಇಬ್ಬರ ಮೇಲೂ ಸಿಟ್ಟಾಗುತ್ತಾರೆ. ಎಲ್ಲರ ಮಾತೂ ಅವರವರ ಮಟ್ಟಿಗೆ ಸರಿಯೇ. ಯಾರಿಗೆ ಎಷ್ಟು, ಯಾರಿಗೆ ಇಲ್ಲ ಅಂತ ಹೇಳುವವರು ಒಬ್ಬರು ಬೇಕು. ಅವರೇ ಮುಖ್ಯಸ್ಥರು. ಹಂಗೆ ಹೇಳಬೇಕಾದರೆ ಪ್ರತಿಯೊಂದು ಭಾಗ ಹೇಗೆ ಕೆಲಸ ಮಾಡುತ್ತೆ ಅಂತ ಅವರಿಗೆ ಗೊತ್ತಿರಬೇಕು. ಇಲ್ಲದಿದ್ದರೆ ಜೋರಾಗಿ ಮಾತಾಡಿದವರಿಗೆ ವಾಟ್ ಹೋಗುತ್ತೆ!

ಒಪ್ಪಂದ ಆಗಿ ಮೂರು ವರ್ಷ ತುಂಬುವ ಮೊದಲೇ, 1975ರ ಏಪ್ರಿಲ್ 19ರಂದು, ರಷ್ಯಾದ ಕಪುಸ್ತಿನ್ ಯಾರ್‌ನಿಂದ ಆರ್ಯಭಟ ಹಾರಿತು. ಹೆಸರು ಆರಿಸಿದ್ದು ಇಂದಿರಾ ಗಾಂಧಿ. ದೇಶಕ್ಕೆಲ್ಲ ಸಂಭ್ರಮ.

ನಾಲ್ಕು ದಿನ ಎಲ್ಲ ಸರಿ ಇತ್ತು. ಸುಮಾರು ಅರವತ್ತು ಸುತ್ತು ಆದ ಮೇಲೆ ಪ್ರಯೋಗಗಳಿಗೆ ವಿದ್ಯುತ್ ಕೊಡುವ ಭಾಗ ಕೆಟ್ಟಿತು. ಕ್ಷ-ಕಿರಣ, ಸೂರ್ಯ, ಮೇಲಿನ ವಾತಾವರಣ, ಮೂರೂ ಪ್ರಯೋಗ ನಿಂತವು. ಪರೀಕ್ಷೆಗೆ ಓದಿ ಓದಿ ಹೋಗಿ ಹಾಲ್ ಟಿಕೆಟ್ ಮರೆತವರ ಮುಖ ನೋಡಿದ್ದೀರಲ್ಲ? ಅದಕ್ಕಿಂತ ಕೆಟ್ಟ ಸ್ಥಿತಿ. ಆ ಉಪಕರಣಗಳ ಹಿಂದೆ ಅಹಮದಾಬಾದಿನವರು, ಮುಂಬೈನ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಯವರು, ಬೆಂಗಳೂರಿನವರು ವರ್ಷಗಟ್ಟಲೆ ದುಡಿದಿದ್ದರು. ರಾವ್ ಅವರು ಸ್ವತಃ ಕಾಸ್ಮಿಕ್ ಕಿರಣದವರು. ವಿಜ್ಞಾನವೇ ಹೋಯಿತು ಅಂದರೆ ಅವರಿಗೆ ಎಷ್ಟು ಸಂಕಟ ಆಗಿರಬೇಡ.

ಆದರೆ ಉಪಗ್ರಹದ ಮೈ ಚೆನ್ನಾಗಿತ್ತು. ಬ್ಯಾಟರಿ ಇತ್ತು, ರೇಡಿಯೊ ಇತ್ತು, ಕಳಿಸಿದ ಆಜ್ಞೆ ಕೇಳುತ್ತಿತ್ತು. ಅದನ್ನು ಬಿಡಲಿಲ್ಲ. ಶ್ರೀಹರಿಕೋಟಾದಿಂದ ಧ್ವನಿ ಕಳಿಸಿ ಬೆಂಗಳೂರಿನಲ್ಲಿ ಹಿಡಿದರು. ಹೃದಯದ ಇಸಿಜಿ ಗೆರೆಯನ್ನೂ ಅದೇ ದಾರಿಯಲ್ಲಿ ಕಳಿಸಿ ನೋಡಿದರು. ಕಕ್ಷೆ ಲೆಕ್ಕ ಹಾಕುವುದು, ತಿರುಗುವ ವೇಗ ಸರಿಪಡಿಸುವುದು, ಬಿಸಿ ಎಷ್ಟು ಏರುತ್ತೆ ಇಳಿಯುತ್ತೆ ಅಂತ ಅಳೆಯುವುದು, ಎಲ್ಲ ಕಲಿತಿದ್ದು ಅದರ ಮೇಲೆಯೇ. 1981ರ ಮಾರ್ಚ್‌ವರೆಗೂ ಅದರ ಜೊತೆ ಸಂಪರ್ಕ ಇತ್ತು. 1992ರ ಫೆಬ್ರವರಿಯಲ್ಲಿ ವಾತಾವರಣಕ್ಕೆ ಬಿದ್ದು ಉರಿದುಹೋಯಿತು. ಐದನೇ ದಿನಕ್ಕೆ ಕೈಕೊಟ್ಟ ಉಪಗ್ರಹ ಅಂತ ಬರೆಯಬಹುದು. ಆರು ವರ್ಷ ಪಾಠ ಹೇಳಿದ ಉಪಗ್ರಹ ಅಂತಲೂ ಬರೆಯಬಹುದು. ನಾನು ಎರಡನ್ನೂ ಬರೆಯುತ್ತೇನೆ. ಒಂದನ್ನು ಮುಚ್ಚಿಟ್ಟು ಇನ್ನೊಂದನ್ನು ಹೇಳಿದರೆ ಅದು ಜಾಹೀರಾತು ಆಗುತ್ತೆ.

ಮುಂದಿನ ಭಾಸ್ಕರ ಉಪಗ್ರಹ 1979ರ ಜೂನ್ 7ಕ್ಕೆ ಹಾರಿತು. ಭೂಮಿಯ ಚಿತ್ರ ತೆಗೆಯಲು ಟಿವಿ ಕ್ಯಾಮೆರಾ ಇತ್ತು, ಸಮುದ್ರ ನೋಡಲು ಮೈಕ್ರೊವೇವ್ ಉಪಕರಣ ಇತ್ತು. ಕ್ಯಾಮೆರಾ ಮೊದಲಿಗೆ ತೊಂದರೆ ಕೊಟ್ಟಿತು. ಅದನ್ನು ಸತ್ತಿತು ಅಂತ ಬರೆದು ಫೈಲು ಮುಚ್ಚಲಿಲ್ಲ. ಕಾದರು. 1980ರ ಮೇ ತಿಂಗಳಲ್ಲಿ ಕ್ಯಾಮೆರಾ ಕೆಲಸಕ್ಕೆ ಬಂತು.

ಈಗ ಆ ಎತ್ತಿನ ಗಾಡಿ ವಿಷಯ. 1981ರ ಆ್ಯಪಲ್ ಉಪಗ್ರಹವನ್ನು ಎತ್ತಿನ ಗಾಡಿ ಮೇಲೆ ಇಟ್ಟಿರುವ ಫೋಟೊ ನಿಮ್ಮ ವಾಟ್ಸ್‌ಆ್ಯಪಿಗೆ ಎಷ್ಟು ಸಲ ಬಂದಿದೆ? 'ನೋಡಿ, ಲಾರಿಗೂ ದುಡ್ಡಿಲ್ಲದ ಕಾಲ' ಅಂತ ಕೆಳಗೆ ಬರೆದಿರುತ್ತಾರೆ. ಅಪ್ಪಟ ಸುಳ್ಳು. ಉಪಗ್ರಹದ ಆಂಟೆನಾ ಪರೀಕ್ಷೆ ಮಾಡಬೇಕಿತ್ತು. ಬಯಲಲ್ಲಿ, ಸುತ್ತ ಲೋಹ ಇಲ್ಲದ ಕಡೆ ಇಡಬೇಕು. ಲಾರಿ ಮೇಲೆ ಇಟ್ಟರೆ ಲಾರಿಯ ಕಬ್ಬಿಣವೇ ರೇಡಿಯೊ ಅಲೆಗಳನ್ನು ಕೆಡಿಸುತ್ತೆ, ಅಳತೆ ತಪ್ಪುತ್ತೆ. ಮರದ ಗಾಡಿಯಲ್ಲಿ ಆ ತೊಂದರೆ ಇಲ್ಲ. ಯಾರೋ ಎಂಜಿನಿಯರು ತಲೆ ಓಡಿಸಿ ಆರಿಸಿದ ಪರೀಕ್ಷಾ ಮೇಜು ಅದು. ನಾವು ಅದನ್ನು ಬಡತನದ ಚಿತ್ರ ಮಾಡಿಬಿಟ್ಟೆವು. ನಮ್ಮ ಕಡೆ ಎತ್ತಿನ ಗಾಡಿ ಹೊಡೆದವರು ಇಲ್ಲಿ ಬಹಳ ಜನ ಇದ್ದೀರಿ. ಗಾಡಿಗೆ ಅವಮಾನ ಆಗಲಿಲ್ಲವಾ?

ಆ್ಯಪಲ್ ನಮ್ಮ ಮೊದಲ ಸಂಪರ್ಕ ಉಪಗ್ರಹ. ಯೋಜನಾ ನಿರ್ದೇಶಕರು ಆರ್. ಎಂ. ವಾಸಗಂ. ಅದೂ ಪೀಣ್ಯದ ಶೆಡ್ಡಿನಲ್ಲೇ ಕಟ್ಟಿದ್ದು. ಭೂಮಿಯಿಂದ 36 ಸಾವಿರ ಕಿಮೀ ಎತ್ತರಕ್ಕೆ ಅದನ್ನು ನೂಕಲು, ನಮ್ಮ ಎಸ್‌ಎಲ್‌ವಿ-3 ರಾಕೆಟ್ಟಿನ ನಾಲ್ಕನೇ ಹಂತದ ಮೋಟಾರನ್ನೇ ತಿದ್ದಿ ಬಳಸಿದರು. ಮೇಲೆ ಹೋದ ಮೇಲೆ ಎರಡು ಸೌರ ಹಲಗೆಗಳಲ್ಲಿ ಒಂದು ಬಿಚ್ಚಿಕೊಳ್ಳಲಿಲ್ಲ. ಮತ್ತೆ ಅದೇ ಪಾಡು! ಇದ್ದ ವಿದ್ಯುತ್ತಿನಲ್ಲೇ ಎರಡು ವರ್ಷಕ್ಕೂ ಮೇಲೆ ಟಿವಿ, ರೇಡಿಯೊ ಪ್ರಯೋಗಗಳನ್ನು ನಡೆಸಿದರು.

ಟಿವಿ ಅಂದ ಕೂಡಲೇ ರಾಯಚೂರಿನವರಿಗೆ ಒಂದು ಮಾತು. ಇಲ್ಲಿ ಸಿಂಧನೂರು, ಲಿಂಗಸೂಗೂರಿನಿಂದ ಬಂದವರೂ ಇದ್ದೀರಿ. ಬೆಂಗಳೂರಿನ ಮನೆಗಳಲ್ಲಿ ಟಿವಿ ಇಲ್ಲದಿದ್ದಾಗಲೇ ನಿಮ್ಮ ಜಿಲ್ಲೆಯ ಹಳ್ಳಿಗಳಲ್ಲಿ ಟಿವಿ ಇತ್ತು! 1975ರ ಆಗಸ್ಟ್ 1ರಿಂದ ಒಂದು ವರ್ಷ 'ಸೈಟ್' ಅನ್ನುವ ಪ್ರಯೋಗ ನಡೆಯಿತು. ನಾಸಾದ ಎಟಿಎಸ್-6 ಉಪಗ್ರಹದಿಂದ ಆರು ರಾಜ್ಯಗಳ ಸುಮಾರು 2400 ಹಳ್ಳಿಗಳಿಗೆ ನೇರವಾಗಿ ಕಾರ್ಯಕ್ರಮ ಬರುತ್ತಿತ್ತು. ಕರ್ನಾಟಕದಲ್ಲಿ ಆರಿಸಿದ್ದು ರಾಯಚೂರು, ಗುಲ್ಬರ್ಗ, ಬಿಜಾಪುರ. ಕೊಪ್ಪಳ ಆಗ ರಾಯಚೂರಿಗೇ ಸೇರಿತ್ತು. ಶಾಲೆ ಮೇಲೋ, ಪಂಚಾಯ್ತಿ ಕಟ್ಟೆ ಪಕ್ಕವೋ ಹತ್ತು ಅಡಿ ಅಗಲದ ಡಿಶ್. ಡಿಶ್ ಅಂದರೆ ಕೋಳಿ ಗೂಡಿಗೆ ಹಾಕುವ ತಂತಿ ಬಲೆಯಲ್ಲಿ ಮಾಡಿದ್ದು. ಸಂಜೆ ಬೇಸಾಯ, ಆರೋಗ್ಯ, ಬೆಳಿಗ್ಗೆ ಶಾಲೆ ಮಕ್ಕಳಿಗೆ ಪಾಠ.

ಸೈಟ್ ರಾವ್ ಅವರ ಯೋಜನೆ ಅಲ್ಲ. ಸಾರಾಭಾಯಿ ನಾಸಾ ಜೊತೆ ಮಾತಾಡಿ ಒಪ್ಪಿಸಿದ್ದು, ಅಹಮದಾಬಾದಿನವರು ನಡೆಸಿದ್ದು. ಆದರೆ ಅದರ ಬೆನ್ನಿಗೇ ಬಂದ ಪ್ರಶ್ನೆ ರಾವ್ ಅವರ ಮೇಜಿಗೆ ಬಂತು. ಒಂದು ವರ್ಷ ಆದ ಮೇಲೆ ನಾಸಾ ತನ್ನ ಉಪಗ್ರಹ ಸರಿಸಿಕೊಂಡಿತು. ಹಳ್ಳಿಗಳಲ್ಲಿ ಪರದೆ ಕಪ್ಪಾಯಿತು. ಇನ್ನೊಬ್ಬರ ಉಪಗ್ರಹ ನಂಬಿಕೊಂಡರೆ ಇಷ್ಟೇ. ನಮ್ಮದೇ ಸಂಪರ್ಕ ಉಪಗ್ರಹಗಳ ಸಾಲು, ಇನ್ಸ್ಯಾಟ್, ಬೇಕಾಯಿತು. ಮೊದಲ ಸಾಲಿನ ಇನ್ಸ್ಯಾಟ್‌ಗಳನ್ನು ಅಮೆರಿಕದ ಕಂಪನಿಯಿಂದ ಕೊಂಡರು. 1982ರಲ್ಲಿ ಹಾರಿದ 1ಎ ಕೆಲವೇ ತಿಂಗಳಲ್ಲಿ ಹೋಯಿತು. 1983ರ 1ಬಿ ಚೆನ್ನಾಗಿ ನಡೆಯಿತು, ಟಿವಿ ಮನೆಮನೆಗೆ ಬಂದಿದ್ದು ಅದರಿಂದಲೇ. ಕೊಂಡುಕೊಂಡು ಎಷ್ಟು ದಿನ ಅಂತ ಎರಡನೇ ಸಾಲನ್ನು ಬೆಂಗಳೂರಿನಲ್ಲೇ ಕಟ್ಟಿದರು. ಇನ್ಸ್ಯಾಟ್-2ಎ 1992ರ ಜುಲೈ 10ಕ್ಕೆ ಹಾರಿತು. ಆಗ ರಾವ್ ಇಸ್ರೋ ಅಧ್ಯಕ್ಷರು. 1984ರಲ್ಲಿ ಧವನ್ ಅವರಿಂದ ಆ ಕುರ್ಚಿ ಇವರಿಗೆ ಬಂದಿತ್ತು.

ರೈತರು ಹೆಚ್ಚಿರುವ ಸಭೆ, ಐಆರ್‌ಎಸ್ ಬಗ್ಗೆ ಹೇಳದೆ ಹೋದರೆ ತಪ್ಪಾಗುತ್ತೆ. 1988ರ ಮಾರ್ಚ್ 17ರಂದು ಹಾರಿದ ಐಆರ್‌ಎಸ್-1ಎ, ನಮ್ಮ ನೆಲದ ಚಿತ್ರ ತೆಗೆಯುವ ಉಪಗ್ರಹ. 22 ದಿನಕ್ಕೊಮ್ಮೆ ಅದೇ ಜಾಗದ ಮೇಲೆ ಬರುತ್ತಿತ್ತು. ಅದರ ಒಂದು ಕ್ಯಾಮೆರಾದಲ್ಲಿ ಒಂದು ಚುಕ್ಕೆ ಅಂದರೆ ನೆಲದ ಮೇಲೆ 72.5 ಮೀಟರ್ ಉದ್ದ, ಅಷ್ಟೇ ಅಗಲ. ಲೆಕ್ಕ ಹಾಕಿ, ಸುಮಾರು ಒಂದೂಕಾಲು ಎಕರೆ ಆಗುತ್ತೆ. ನಿಮ್ಮ ಹೊಲದ ಬದು ಅದಕ್ಕೆ ಕಾಣುವುದಿಲ್ಲ. ಆದರೆ ಗಂಗಾವತಿ, ಸಿಂಧನೂರು ಕಡೆಯ ಭತ್ತದ ಬಯಲು, ಅದರ ಪಕ್ಕದ ಒಣ ನೆಲ ಎರಡೂ ಬೇರೆ ಬೇರೆ ಅಂತ ಚೆನ್ನಾಗಿ ತಿಳಿಯುತ್ತೆ. ಹಸಿರು ಎಲೆ ನಮ್ಮ ಕಣ್ಣಿಗೆ ಕಾಣದ ಅವಕೆಂಪು ಬೆಳಕನ್ನು ಜೋರಾಗಿ ವಾಪಸ್ ಕಳಿಸುತ್ತೆ. ಆ ಬೆಳಕಿಗೆ ಚಿತ್ರದಲ್ಲಿ ಕೆಂಪು ಬಣ್ಣ ಕೊಡುತ್ತಾರೆ. ಹಾಗಾಗಿ ಸೊಂಪಾದ ಬೆಳೆ ಚಿತ್ರದಲ್ಲಿ ಕೆಂಪಗೆ ಕಾಣುತ್ತೆ. ಮೊದಲ ಸಲ ನೋಡಿದವರು ಬೆಂಕಿ ಬಿದ್ದಿದೆ ಅಂದುಕೊಳ್ಳುತ್ತಾರೆ! ಇದೇ ಚಿತ್ರಗಳಿಂದ ಕಲ್ಲು, ಬಿರುಕು, ಹಳ್ಳದ ಜಾಡು ನೋಡಿ ನೀರು ಎಲ್ಲಿ ಸಿಗಬಹುದು ಅಂತ ಜಿಲ್ಲೆ ಜಿಲ್ಲೆಗೆ ಅಂತರ್ಜಲದ ನಕ್ಷೆ ಮಾಡಿದರು. ಕುಡಿಯುವ ನೀರಿನ ಯೋಜನೆಗೆ ಅದನ್ನು ಬಳಸಿದ್ದು ರಾವ್ ಅವರ ಕಾಲದಲ್ಲೇ. ಬೋರ್‌ವೆಲ್ ಕೊರೆಸಿ ಧೂಳು ಮಾತ್ರ ನೋಡಿದವರಿಗೆ ಇದರ ಬೆಲೆ ಬೇರೆ ಹೇಳಬೇಕಿಲ್ಲ.

ಇಷ್ಟು ಹೊತ್ತು ಉಪಗ್ರಹ. ರಾಕೆಟ್ ಬೇರೆಯೇ ಕಷ್ಟ. ಅಧ್ಯಕ್ಷರಾದ ಮೇಲೆ ರಾವ್ ಅವರಿಗೆ ಸಿಕ್ಕ ದೊಡ್ಡ ಪೆಟ್ಟು ಎಎಸ್‌ಎಲ್‌ವಿ ಅನ್ನುವ ರಾಕೆಟ್. ಮೊದಲನೆಯದು 1987ರ ಮಾರ್ಚ್ 24, ಸೋತಿತು. ಎರಡನೆಯದು 1988ರ ಜುಲೈ 13, ಅದೂ ಸಮುದ್ರಕ್ಕೆ. ಎರಡರಲ್ಲೂ ತೊಂದರೆ ಹೆಚ್ಚುಕಮ್ಮಿ ಒಂದೇ ಘಳಿಗೆಯಲ್ಲಿ. ಪಕ್ಕದ ಎರಡು ಮೋಟಾರುಗಳು ಮೊದಲು ಉರಿಯುತ್ತವೆ. ಅವು ಮುಗಿದ ತಕ್ಷಣ ನಡುವಿನ ಮೋಟಾರು ಹೊತ್ತಿಕೊಳ್ಳಬೇಕು. ಮೊದಲ ಸಲ ನಡುವಿನದು ಹೊತ್ತಿಕೊಳ್ಳಲೇ ಇಲ್ಲ. ಎರಡನೇ ಸಲ ಪಕ್ಕದವು ಅಂದುಕೊಂಡಿದ್ದಕ್ಕಿಂತ ಸ್ವಲ್ಪ ಮುಂಚೆ ಮುಗಿದವು. ನಡುವಿನದು ಮೊದಲೇ ಗೊತ್ತು ಮಾಡಿದ ಸಮಯಕ್ಕೇ ಕಾದಿತ್ತು. ಆ ಚೂರು ಹೊತ್ತು ರಾಕೆಟ್ಟನ್ನು ಹಿಡಿಯುವವರೇ ಇಲ್ಲ. ಗಾಳಿಯ ಒತ್ತಡ ಜಾಸ್ತಿ ಇರುವ ಎತ್ತರ ಬೇರೆ. ವಾಲಿ ಮುರಿಯಿತು.

ಸಂಸತ್ತು, ಪತ್ರಿಕೆ ಎಲ್ಲ ಕಡೆ ಪ್ರಶ್ನೆ ಬಂದವು. ಆಗ ಯೋಜನೆ ನಿಲ್ಲಿಸಿಬಿಡುವುದು ಸುಲಭ ಇತ್ತು. ಹೇಗಿದ್ದರೂ ಮುಂದೆ ಅದಕ್ಕಿಂತ ದೊಡ್ಡ ರಾಕೆಟ್, ಪಿಎಸ್‌ಎಲ್‌ವಿ, ಬರುತ್ತಿತ್ತು. ನಿಲ್ಲಿಸಲಿಲ್ಲ. ರಾಕೆಟ್ಟಿನ ಬುಡಕ್ಕೆ ರೆಕ್ಕೆ ಸೇರಿಸಿದರು. ನಡುವಿನ ಮೋಟಾರು ಗಡಿಯಾರ ನೋಡಿ ಹೊತ್ತುವ ಬದಲು, ಪಕ್ಕದವುಗಳ ಬಲ ನಿಜವಾಗಿ ಯಾವಾಗ ಇಳಿಯುತ್ತೆ ಅಂತ ಅಳೆದು ಹೊತ್ತುವ ಹಾಗೆ ಮಾಡಿದರು. 1992ರ ಮೇ 20ರಂದು ಮೂರನೆಯದು ಗೆದ್ದಿತು. ಇದರಲ್ಲಿ ಕಲಿತಿದ್ದು ಪಿಎಸ್‌ಎಲ್‌ವಿಗೆ ಹೋಯಿತು. ಪಿಎಸ್‌ಎಲ್‌ವಿ ಕೂಡ 1993ರಲ್ಲಿ ಮೊದಲ ಸಲ ಸೋತಿತು, 1994ರ ಅಕ್ಟೋಬರಿನಲ್ಲಿ ಗೆದ್ದಿತು. ಗೆದ್ದ ದಿನ ರಾವ್ ಅಧ್ಯಕ್ಷರಾಗಿರಲಿಲ್ಲ, ಆ ವರ್ಷವೇ ಆ ಹುದ್ದೆಯಿಂದ ಇಳಿದಿದ್ದರು. ದೊಡ್ಡ ಯೋಜನೆ ನಡೆಸುವವರ ಪಾಡು ಇದು. ಸೋತ ದಿನ ಕುರ್ಚಿ ಮೇಲೆ ಇರುತ್ತಾರೆ, ಗೆದ್ದ ದಿನ ಮನೆಯಲ್ಲಿ.

ತುಂಬಾ ತಣ್ಣಗೆ ಮಾಡಿ ದ್ರವವಾಗಿಸಿದ ಇಂಧನದಿಂದ ನಡೆಯುವ ಕ್ರಯೋಜೆನಿಕ್ ರಾಕೆಟ್ ಎಂಜಿನ್ ಕಥೆಗೆ ಟೈಮಿಲ್ಲ. ರಷ್ಯಾ ಜೊತೆ 1991ರಲ್ಲಿ ಒಪ್ಪಂದ ಆಯಿತು, ಅಮೆರಿಕ ನಿರ್ಬಂಧ ಹಾಕಿತು, ತಂತ್ರಜ್ಞಾನ ಬರಲಿಲ್ಲ. ಅಷ್ಟಕ್ಕೇ ಬಿಡುತ್ತೇನೆ.

ಪದ್ಮಭೂಷಣ 1976ರಲ್ಲಿ ಬಂದಿತ್ತು. 2013ರಲ್ಲಿ ವಾಷಿಂಗ್ಟನ್ನಿನ ಸ್ಯಾಟಲೈಟ್ ಹಾಲ್ ಆಫ್ ಫೇಮ್‌ಗೆ ಸೇರಿದ ಮೊದಲ ಭಾರತೀಯ ಅವರು. ಪದ್ಮವಿಭೂಷಣ ಬಂದಿದ್ದು 2017ರ ಜನವರಿಯಲ್ಲಿ, ಅದೇ ವರ್ಷ ಜುಲೈ 24ಕ್ಕೆ ತೀರಿಕೊಂಡರು. 85 ವರ್ಷ. ಪ್ರಶಸ್ತಿಗಳ ಪಟ್ಟಿ ಇನ್ನೂ ಉದ್ದ ಇದೆ, ಮೊಬೈಲಲ್ಲಿ ಸಿಗುತ್ತೆ.

ಪ್ರಶ್ನೆಗಳು.

ಹಿಂದಿನ ಸಾಲಿನ ಒಬ್ಬ ಹುಡುಗ ಕೇಳಿದ: 'ಸರ್, ನಾನು ಡಿಪ್ಲೊಮಾ ಮಾಡ್ತಿದ್ದೀನಿ. ಐಐಟಿ ಇಲ್ಲದೆ ಇಸ್ರೋಗೆ ಹೋಗೋಕೆ ಆಗುತ್ತಾ?'

ಆಗುತ್ತೆ ಕಣಪ್ಪ. ಡಿಪ್ಲೊಮಾದವರನ್ನು ಟೆಕ್ನಿಕಲ್ ಅಸಿಸ್ಟೆಂಟ್ ಅಂತ, ಐಟಿಐ ಮಾಡಿದವರನ್ನು ಟೆಕ್ನಿಷಿಯನ್ ಅಂತ ಇಸ್ರೋ ಕೇಂದ್ರಗಳು ತೆಗೆದುಕೊಳ್ಳುತ್ತವೆ. ಎಂಜಿನಿಯರಿಂಗ್ ಪದವಿ ಇದ್ದವರಿಗೆ ಇಸ್ರೋದ್ದೇ ಪರೀಕ್ಷೆ ಇರುತ್ತೆ. ಪಿಯುಸಿ ಆದವರಿಗೆ ತಿರುವನಂತಪುರದಲ್ಲಿ ಐಐಎಸ್‌ಟಿ ಅನ್ನುವ ಅವರದೇ ಕಾಲೇಜು ಇದೆ, 2007ರಲ್ಲಿ ಶುರುವಾಗಿದ್ದು. ಇಸ್ರೋ ವೆಬ್‌ಸೈಟ್ ನೋಡ್ತಾ ಇರು. ಕೋಚಿಂಗ್ ಬೋರ್ಡ್ ನೋಡಿ ದುಡ್ಡು ಕಟ್ಟೋಕೆ ಮುಂಚೆ ಅದನ್ನು ನೋಡು.

ಒಬ್ಬ ಮೇಡಂ, ಹೈಸ್ಕೂಲಿನಲ್ಲಿ ಪಾಠ ಮಾಡುವವರು, ಕೇಳಿದರು: 'ನೀವು ಹೇಳಿದ ಕಥೆಯಲ್ಲಿ ಹೆಣ್ಣುಮಕ್ಕಳೇ ಇಲ್ವಲ್ರೀ?'

ನ್ಯಾಯವಾದ ಪ್ರಶ್ನೆ. ಪೀಣ್ಯದ ಕಾಲದಲ್ಲಿ ಬಹಳ ಕಡಿಮೆ. ಆದರೆ ಅದೇ ಬೆಂಗಳೂರು ಕೇಂದ್ರಕ್ಕೆ 1982ರಲ್ಲಿ ಸೇರಿದ ಟಿ. ಕೆ. ಅನುರಾಧಾ, 2011ರಲ್ಲಿ ಹಾರಿದ ಸಂಪರ್ಕ ಉಪಗ್ರಹ ಜಿಸ್ಯಾಟ್-12ರ ಯೋಜನಾ ನಿರ್ದೇಶಕಿ ಆದರು. ಚಂದ್ರಯಾನ-2ಕ್ಕೆ ಎಂ. ವನಿತಾ ಯೋಜನಾ ನಿರ್ದೇಶಕಿ, ರಿತು ಕರಿಧಾಲ್ ಮಿಷನ್ ನಿರ್ದೇಶಕಿ. ಸೂರ್ಯನನ್ನು ನೋಡಲು ಹೋದ ಆದಿತ್ಯ ಎಲ್1 ನೌಕೆಗೆ ನಿಗಾರ್ ಶಾಜಿ. ಆ ವಾಟ್, ಕೆಜಿ ಜಗಳ ಬಿಡಿಸುವ ಕೆಲಸವನ್ನು ಇವರೂ ಮಾಡಿದರು.

ಕೊನೆಗೆ ಎರಡು ರೂಪಾಯಿ ನೋಟಿನ ಯಜಮಾನರು ಎದ್ದು ನಿಂತರು. 'ಅವರು ಸೂರ್ಯನ ಗಾಳಿ ಮೇಲೆ ಕೆಲಸ ಮಾಡಿದ್ದರು ಅಂದ್ರಿ. ಉಪಗ್ರಹ ಕಟ್ಟೋಕೆ ಬಂದ ಮೇಲೆ ಅದು ಅಲ್ಲಿಗೇ ನಿಂತುಹೋಯ್ತಾ?'

ನಿಲ್ಲಲಿಲ್ಲ. ನಿವೃತ್ತಿ ಆದ ಮೇಲೂ ಯಾವ ವಿಜ್ಞಾನ ನೌಕೆ ಮಾಡಬೇಕು ಅಂತ ಸಲಹೆ ಕೊಡುವ ಇಸ್ರೋ ಸಮಿತಿಯ ಅಧ್ಯಕ್ಷರಾಗಿದ್ದರು. ಆದಿತ್ಯ ಮೊದಲು ಸಣ್ಣ ಯೋಜನೆ. ಭೂಮಿಯಿಂದ ಸುಮಾರು 800 ಕಿಮೀ ಮೇಲೆ ಇರಬೇಕಿತ್ತು. ಅದು ದೊಡ್ಡದಾಗಿ, ಭೂಮಿಯಿಂದ 15 ಲಕ್ಷ ಕಿಮೀ ದೂರದ ಎಲ್1 ಅನ್ನುವ ಜಾಗಕ್ಕೆ ಹೋಗಬೇಕು ಅಂತ ಆಯಿತು. ಅಲ್ಲಿ ಗ್ರಹಣ ಅಡ್ಡ ಬರುವುದಿಲ್ಲ, ಸೂರ್ಯನನ್ನು ಬಿಡದೆ ನೋಡಬಹುದು. ಹಾಗೆ ಒತ್ತಾಯಿಸಿದವರಲ್ಲಿ ರಾವ್ ಇದ್ದರು. 2023ರ ಸೆಪ್ಟೆಂಬರ್ 2ಕ್ಕೆ ಆದಿತ್ಯ ಹಾರಿತು, 2024ರ ಜನವರಿ 6ಕ್ಕೆ ಅಲ್ಲಿ ಮುಟ್ಟಿತು. ಅದರಲ್ಲಿ ಏಳು ಉಪಕರಣಗಳಿವೆ. ಆಸ್ಪೆಕ್ಸ್ ಅನ್ನುವುದು ಸೌರ ಮಾರುತದ ಕಣಗಳನ್ನು ಹಿಡಿದು ಅಳೆಯುತ್ತೆ. ಅದನ್ನು ಮಾಡಿದ್ದು ಅಹಮದಾಬಾದಿನ ಅದೇ ಪ್ರಯೋಗಾಲಯ, ರಾವ್ ಪಿಎಚ್.ಡಿ. ಮಾಡಿದ್ದು.

ಯಜಮಾನರು 'ಹಂಗಾದ್ರೆ ಸರಿ' ಅಂದರು. ನೋಟು ಅಷ್ಟೊತ್ತಿಗೆ ಹಿಂದಿನ ಸಾಲಿನಲ್ಲೆಲ್ಲೋ ಇತ್ತು. ಅದನ್ನು ಹುಡುಕಿ ಅವರ ಕೈಗೆ ಕೊಟ್ಟ ಮೇಲೆ ಎಲ್ಲರೂ ಚಹಾಕ್ಕೆ ಎದ್ದೆವು.